ಅಕ್ಕ ಹೊಳೆಯ ಆಚೆ, ನಾವು ಈಚೆ

"ತಮ್ಮಾ, ಉಜನಿಯಿಂದ ನೀರು ಬಿಟ್ಟಾರಂತ. ಮೋಟಾರ್ ಮ್ಯಾಲೆ ತಗೀರಿ."

ಮಳೆಗಾಲದಲ್ಲಿ ಅಕ್ಕನ ಫೋನು ಬಂದರೆ ಹೆಚ್ಚಾಗಿ ಇದೇ ಮಾತು. ಅವಳನ್ನು ಕೊಟ್ಟಿದ್ದು ಭೀಮಾ ಹೊಳೆಯ ಆಚೆ ದಂಡೆಗೆ, ಮಹಾರಾಷ್ಟ್ರದ ಸೊಲ್ಲಾಪುರ ಜಿಲ್ಲೆಗೆ. ನಮ್ಮದು ಈಚೆ ದಂಡೆ, ವಿಜಯಪುರ ಜಿಲ್ಲೆ. ಭೀಮೆಗೆ ಕಟ್ಟಿದ ಉಜನಿ ಡ್ಯಾಮು ಇರುವುದು ಮಹಾರಾಷ್ಟ್ರದಲ್ಲಿ. ಹಾಗಾಗಿ ಗೇಟು ಎತ್ತಿದ ಸುದ್ದಿ ಮೊದಲು ಅವರ ಊರಿನ ವಾಟ್ಸಾಪ್ ಗುಂಪಿಗೆ ಬೀಳುತ್ತದೆ, ಅಲ್ಲಿಂದ ನಮಗೆ.

ಫೋನು ಬಂತೆಂದರೆ ಉಣ್ಣುವ ತಾಟು ಬಿಟ್ಟು ಏಳಬೇಕು, ಇಲ್ಲದಿದ್ದರೆ ಹೊಲಕ್ಕೆ ನೀರೆತ್ತಲು ಹೊಳೆಗೆ ಇಟ್ಟ ಮೋಟಾರ್ ಮುಳುಗುತ್ತದೆ. ಮೊದಲು ಫ್ಯೂಸ್ ತೆಗೆಯುವುದು. ಆಮೇಲೆ ಬೋಲ್ಟ್ ಬಿಚ್ಚಿ, ಪೈಪಿನಿಂದ ಮೋಟಾರ್ ಬಿಡಿಸಿ, ಹಗ್ಗ ಕಟ್ಟಿ ಮೇಲಕ್ಕೆ ಎಳೆಯುವುದು. ದಂಡೆಯದ್ದು ಕರಿಮಣ್ಣು. ಹಸಿ ಇದ್ದರೆ ಹೆಜ್ಜೆಹೆಜ್ಜೆಗೂ ಕಾಲಿಗೆ ಹತ್ತಿಕೊಳ್ಳುತ್ತದೆ, ಮೋಟಾರಿಗಿಂತ ನಮ್ಮ ಕಾಲೇ ಭಾರ. ಒಬ್ಬನ ಕೈಲಾಗುವ ಕೆಲಸ ಅಲ್ಲ, ಅಕ್ಕಪಕ್ಕದ ಹೊಲದವರೆಲ್ಲ ಕೈ ಹಚ್ಚುತ್ತಾರೆ. ರಾತ್ರಿಯಾದರೆ ಆಚೆ ದಂಡೆಯಲ್ಲೂ ಬ್ಯಾಟರಿ ಬೆಳಕು ಓಡಾಡುವುದು ಕಾಣುತ್ತದೆ.

2020ರ ಅಕ್ಟೋಬರಿನಲ್ಲಿ ಉಜನಿ ನೀರಿನ ಜೊತೆ ಸೊಲ್ಲಾಪುರ ಕಡೆಯ ಜೋರು ಮಳೆಯೂ ಸೇರಿತು. ಸೀನಾ ನದಿಯೂ ಸೊಲ್ಲಾಪುರ ಜಿಲ್ಲೆಯ ಕೂಡಲದ ಹತ್ತಿರ ಭೀಮೆಯನ್ನೇ ಕೂಡುತ್ತದಲ್ಲ. ಎರಡೂ ದಂಡೆಯ ಕಬ್ಬು ಮುಳುಗಿತು. ಹಾನಿ ಬರೆದುಕೊಳ್ಳುವ ಪಂಚನಾಮೆ ಮಾತ್ರ ಬೇರೆ ಬೇರೆ. ಅಲ್ಲಿ ಅವರ ತಲಾಠಿ (ಊರಿನ ಕಂದಾಯ ಲೆಕ್ಕಿಗ), ಇಲ್ಲಿ ನಮ್ಮ ತಲಾಠಿ. ನೀರು ಬಿಡುವ ಸುದ್ದಿ ಎರಡೂ ದಂಡೆಗೆ ಒಂದೇ ಹೊತ್ತಿಗೆ, ಎರಡೂ ಭಾಷೆಯಲ್ಲಿ ಬರಬೇಕು. ಎಲ್ಲರಿಗೂ ಆಚೆ ಒಬ್ಬ ಅಕ್ಕ ಇರುವುದಿಲ್ಲ.

ಅವ್ವನ ಓಡಾಟಕ್ಕೆ 2023ರಿಂದ ಸುಲಭವಾಗಿದೆ. ಧೂಳಖೇಡದವರೆಗೆ ಶಕ್ತಿ ಯೋಜನೆ, ಬಸ್ಸಿಗೆ ದುಡ್ಡಿಲ್ಲ. ಸೇತುವೆ ದಾಟಿ ಟಾಕಳಿಗೆ ಹೋದರೆ ಅವರ ಬಸ್ಸಲ್ಲಿ ಹೆಣ್ಣುಮಕ್ಕಳಿಗೆ ಅರ್ಧ ಟಿಕೆಟ್. ಮೊಮ್ಮಕ್ಕಳನ್ನು ನೋಡಲು ಈಗ ಜಾಸ್ತಿ ಹೋಗುತ್ತಾಳೆ.

ಬೇಸಿಗೆಯದ್ದು ಬೇರೆ ಸಂಕಟ. ಹೊಳೆ ಬತ್ತಿ, ಅಡ್ಡ ಕಟ್ಟಿದ ಬಾಂದಾರದ ಹಿಂದೆ ಅಷ್ಟಿಷ್ಟು ನೀರು ನಿಂತಿರುತ್ತದೆ. ಅದಕ್ಕೇ ಎರಡೂ ಕಡೆಯ ಪೈಪು. ಭೀಮೆಯ ಮುಖ್ಯ ಹರಿವಿನಲ್ಲಿ ಕರ್ನಾಟಕ ವರ್ಷಕ್ಕೆ 15 ಟಿಎಂಸಿಗಿಂತ (ನೂರು ಕೋಟಿ ಘನ ಅಡಿಗೆ ಒಂದು ಟಿಎಂಸಿ) ಹೆಚ್ಚು ಬಳಸುವಂತಿಲ್ಲ ಎಂದು ಕೃಷ್ಣಾ ನೀರು ಹಂಚಿದ ಬಚಾವತ್ ನ್ಯಾಯಮಂಡಳಿ ಹೇಳಿದೆ. ಅದು ರಾಜ್ಯದ ಲೆಕ್ಕ. ಏಪ್ರಿಲ್‌ನಲ್ಲಿ ಅಕ್ಕನ ಮನೆಯ ಎಮ್ಮೆಗೂ ನಮ್ಮ ಎಮ್ಮೆಗೂ ಕುಡಿಯಲು ಇರುವುದು ಒಂದೇ ನೀರು. ಪ್ರತಿ ವರ್ಷ ನೀರು ಬಿಡಿ ಎಂದು ನಾವು ಈ ಕಡೆ ಮನವಿ ಕೊಡುತ್ತೇವೆ, ಅವರು ಆ ಕಡೆ ಕೊಡುತ್ತಾರೆ. ಎರಡೂ ದಂಡೆಯ ಊರಿನವರು ಒಂದೇ ಕಾಗದಕ್ಕೆ ಸಹಿ ಹಾಕಿ ಕೇಳೋಣ ಅಂತ ಭಾವನ ಹತ್ತಿರ ಮಾತಾಡಿದ್ದೇನೆ. ಅವರ ಊರಿನವರು ಒಪ್ಪಿದ್ದಾರೆ, ನಮ್ಮೂರಲ್ಲಿ ಇನ್ನೂ ಕೇಳಬೇಕು.