ಫಿನ್ನಿಷ್ ಬರುತ್ತಾ ಅಂತ ಇನ್ನು ಕೇಳಬೇಡಿ

ಬರಲ್ಲ. ಒಂದಕ್ಷರವೂ ಬರಲ್ಲ.

ಈಡಾ ಎಕ್ಮನ್ ಅನ್ನುವ ಫಿನ್ಲೆಂಡಿನ ಹಾಡುಗಾರ್ತಿಯ ನೂರು ವರ್ಷಕ್ಕೂ ಹಳೆಯ ರೆಕಾರ್ಡುಗಳನ್ನು ನಾನು ಕೇಳುತ್ತೇನೆ. ಇದು ಗೊತ್ತಾದ ಕೂಡಲೇ ಎಲ್ಲರ ಬಾಯಲ್ಲೂ ಅದೇ ಮಾತು: "ನಿಂಗೆ ಫಿನ್ನಿಷ್ ಬರುತ್ತಾ? ಮತ್ತೆ ಅರ್ಥ ಆಗ್ದೇ ಇರೋ ಹಾಡು ಯಾಕೆ ಕೇಳ್ತೀಯ?" ಬಾಯಲ್ಲಿ ಉತ್ತರ ಹೇಳಿ ಸಾಕಾಗಿದೆ. ಇನ್ನು ಕೇಳಿದವರಿಗೆ ಇದನ್ನೇ ಕಳಿಸುತ್ತೇನೆ.

ಮೊದಲನೇದಾಗಿ, ನಾನು ಕೇಳುವ ಹಾಡುಗಳು ಫಿನ್ನಿಷ್‌ನಲ್ಲೇ ಇಲ್ಲ, ಸ್ವೀಡಿಷ್‌ನಲ್ಲಿವೆ. ಆಗಿನ ಹೆಲ್ಸಿಂಕಿಯಲ್ಲಿ ಓದುಬರಹ ಇದ್ದ ಎಷ್ಟೋ ಮನೆಗಳ ಮಾತು ಸ್ವೀಡಿಷ್. ಆ ದೇಶದ ದೊಡ್ಡ ಸಂಗೀತಗಾರ ಸಿಬೆಲಿಯಸ್‌ನ ಮನೆಮಾತೂ ಅದೇ. ಅವನು ಬರೆದ ನೂರರಷ್ಟು ಹಾಡುಗಳಲ್ಲಿ ಹೆಚ್ಚಿನವು ಸ್ವೀಡಿಷ್ ಕವಿತೆಗಳಿಗೆ ಹಾಕಿದ ರಾಗಗಳು. ಇಷ್ಟು ಹೇಳಿದರೆ, "ಸರಿ, ಸ್ವೀಡಿಷ್ ಬರುತ್ತಾ?" ಅಂತಾರೆ. ಅದೂ ಬರಲ್ಲ. ಕವಿತೆಯ ಅನುವಾದ ಒಂದು ಸಲ ಓದಿಕೊಳ್ಳುತ್ತೇನೆ, ಆಮೇಲೆ ಕೇಳುತ್ತೇನೆ. ಉತ್ತರ ಇಷ್ಟೇ.

ಇಷ್ಟಕ್ಕೇ ನಿಲ್ಲಿಸಬಹುದಿತ್ತು. ಆದರೆ ನೆಂಟರ ಮನೆ ಗೃಹಪ್ರವೇಶದ ಊಟ ಮರೆಯೋಕೆ ಆಗ್ತಿಲ್ಲ. ಪಂಕ್ತಿಯಲ್ಲಿ ಪಕ್ಕದಲ್ಲೇ ಭಾವ.

"ಫಿನ್ಲೆಂಡ್ ಅಂದ್ರೆ ನೋಕಿಯಾದವ್ರು ಅಲ್ವಾ?"

"ಹೌದು ಭಾವ."

"ಅವ್ರಲ್ಲೂ ಸಂಗೀತ ಇದ್ಯಾ?"

ತ್ಯಾಗರಾಜರ ತೆಲುಗು ನಮಗೆಷ್ಟು ಬರುತ್ತೆ ಹೇಳಿ ಅಂದೆ. "ಅದು ದೇವರ ಹಾಡು ಮಾರಾಯ್ತಿ, ದೇವರಿಗೆ ಅರ್ಥ ಆದ್ರೆ ಸಾಕು" ಅಂದರು. ಇದಕ್ಕೆ ಏನು ಹೇಳೋದು ಅಂತ ಇವತ್ತಿಗೂ ಹೊಳೆದಿಲ್ಲ. ನನಗೆ ಸಿಟ್ಟು ಬಂದದ್ದು ಅದಕ್ಕಲ್ಲ. ಹೋಳಿಗೆ ಮುಗಿದು ಮಜ್ಜಿಗೆ ಬರುವ ತನಕ ಪ್ರಶ್ನೆಯೆಲ್ಲ ನನ್ನ ಬಗ್ಗೆಯೇ. ನನಗೆ ಭಾಷೆ ಬರುತ್ತಾ, ಈ ಹುಚ್ಚು ನನಗೆ ಎಲ್ಲಿಂದ ಹತ್ತಿತು, ನನಗೆ ಬೇರೆ ಕೆಲಸ ಇಲ್ವಾ. ಹಾಡಿದವಳು ಯಾರು ಅಂತ ಒಬ್ಬರಾದರೂ ಕೇಳಬಾರದಾ?

ಕೇಳಿದ್ದರೆ ಹೇಳುತ್ತಿದ್ದೆ. 1875ರಲ್ಲಿ ಹೆಲ್ಸಿಂಕಿಯ ಯಹೂದಿ ಮನೆಯಲ್ಲಿ ಹುಟ್ಟಿದವಳು, ತವರಿನ ಹೆಸರು ಮೊರ್ಡುಕ್. ಆಗ ಫಿನ್ಲೆಂಡ್ ರಷ್ಯಾದ ದೊರೆಯ ಕೈಕೆಳಗಿತ್ತು. ಅಲ್ಲಿನ ಯಹೂದಿಗಳಿಗೆ ಪೂರ್ತಿ ನಾಗರಿಕ ಹಕ್ಕು ಸಿಕ್ಕಿದ್ದು 1918ರಲ್ಲಿ. ಅಷ್ಟು ಹೊತ್ತಿಗೆ ಈಕೆಗೆ ನಲವತ್ತು ದಾಟಿತ್ತು, ಸಿಬೆಲಿಯಸ್‌ನ ಹಾಡುಗಳನ್ನು ಎಷ್ಟೋ ವರ್ಷಗಳಿಂದ ಹಾಡಿ ಹೆಸರು ಮಾಡಿದ್ದಳು. 'ಅದು ಕನಸಾಗಿತ್ತೇ' ಹಾಡನ್ನು ಅವನು ಅರ್ಪಿಸಿದ್ದು ಇವಳಿಗೇ. ಆಪೆರಾ ಅನ್ನುವ ಹಾಡುನಾಟಕದ ವೈಭವವೆಲ್ಲ ಅದೇ ಊರಿನ ಇನ್ನೊಬ್ಬ ಹಾಡುಗಾರ್ತಿ ಐನೊ ಆಕ್ಟೆಯ ಪಾಲು: ಪ್ಯಾರಿಸ್, ಲಂಡನ್, 'ಸಲೋಮೆ' ಆಪೆರಾದ ನಾಯಕಿಯ ಪಾತ್ರ. ಈಡಾಗೆ ಒಂದು ಪಿಯಾನೊ ಸಾಕಿತ್ತು. ಅದನ್ನು ನುಡಿಸಲು ಗಂಡ ಕಾರ್ಲ್ ಎಕ್ಮನ್ ಇದ್ದ.

ಇವಳ ಬಗ್ಗೆ ಬರೆದವರೆಲ್ಲ ತಪ್ಪದೆ ಹೇಳುವ ಕತೆ 1895ರದ್ದು. ವಿಯೆನ್ನಾದಲ್ಲಿ, ಜರ್ಮನಿಯ ಹೆಸರಾಂತ ಸಂಗೀತಗಾರ, ಮುದುಕ ಬ್ರಾಮ್ಸ್‌ನ ಎದುರು ಇಪ್ಪತ್ತರ ಈ ಹುಡುಗಿ ಸಿಬೆಲಿಯಸ್‌ನ ಹಾಡೊಂದನ್ನು ಹಾಡಿದಳು. ಬ್ರಾಮ್ಸ್ ಇನ್ನೊಂದು ಸಲ ಹಾಡಿಸಿದ. ರೂನೆಬೆರ್ಗ್ ಎಂಬ ಕವಿಯ ಪದ್ಯ ಅದು. ವಸಂತ ಯಾಕೆ ಇಷ್ಟು ಬೇಗ ಹೋಗುತ್ತೆ, ಬೇಸಿಗೆ ಯಾಕೆ ನಿಲ್ಲಲ್ಲ ಅಂತ ಕೇಳುತ್ತಿದ್ದ ಹುಡುಗಿ, ಪ್ರೀತಿಸಿದವನು ಮೋಸ ಮಾಡಿದ ಮೇಲೆ ಪ್ರಶ್ನೆ ಕೇಳುವುದನ್ನೇ ಬಿಡುತ್ತಾಳೆ. (ಭಾವನಿಗೆ ಈ ಹಾಡನ್ನೇ ಕೇಳಿಸಬೇಕಿತ್ತು.)

ಈ ಕತೆ ಹೇಳುವವರು ಬ್ರಾಮ್ಸ್‌ನ ಕಿವಿಯನ್ನು ಹೊಗಳುತ್ತಾರೆ, ಸಿಬೆಲಿಯಸ್‌ನ ಪ್ರತಿಭೆಯನ್ನು ಹೊಗಳುತ್ತಾರೆ. ಹಾಡಿದವಳು ಅಂಚೆಯವಳು ಅನ್ನೋ ಹಾಗೆ. ಸಿಬೆಲಿಯಸ್‌ಗೆ ಆಗಿನ್ನೂ ಹೊರಗೆ ಹೆಸರಿರಲಿಲ್ಲ. ಎಷ್ಟೇ ಒಳ್ಳೆಯ ಹಾಡಾದರೂ ಕೆಟ್ಟದಾಗಿ ಹಾಡಿದರೆ ಮತ್ತೊಮ್ಮೆ ಹಾಡು ಅಂತ ಯಾರಾದರೂ ಅಂತಾರಾ?

ಇವಳ ರೆಕಾರ್ಡುಗಳು ಮೈಕ್ ಬರುವ ಮೊದಲಿನವು. ಹಾಡುವವರು ಒಂದು ತಗಡಿನ ಕೊಳವೆಗೆ ಬಾಯಿಕೊಟ್ಟು ಹಾಡಬೇಕಿತ್ತು. ಮುಂದೆ ಮೈಸೂರಿಗೆ ಬಂದು 1930ರಲ್ಲಿ ಅಲ್ಲೇ ತೀರಿಕೊಂಡ ಹಾಡುಗಾರ್ತಿ ಗೌಹರ್ ಜಾನ್ 1902ರಲ್ಲಿ ಕಲ್ಕತ್ತೆಯಲ್ಲಿ ಹಾಡಿದ್ದೂ ಹೀಗೇ. ಪಿಯಾನೊ ಪಕ್ಕದ ಮನೆಯಲ್ಲಿದ್ದಂತೆ ಕೇಳುತ್ತೆ, ಮೇಲೆ ಕರಕರ ಸದ್ದು ಬೇರೆ. ಇಷ್ಟಾದರೂ ಇವಳ ಪದಗಳು ಬಿಡಿಬಿಡಿಯಾಗಿ ಬರುತ್ತವೆ. ದನಿ ಅಷ್ಟೇನೂ ದೊಡ್ಡದಲ್ಲ, ಒಂದೊಂದು ಕಡೆ ಸ್ವರದಿಂದ ಸ್ವರಕ್ಕೆ ಎಳೆಯುವುದು ಈಗಿನ ಕಿವಿಗೆ ಜಾಸ್ತಿ ಅನ್ನಿಸುತ್ತೆ. ಆದರೆ ಪದ್ಯದ ಹಾಳೆ ಹಿಡಿದು ಕೂತರೆ, ಸ್ವೀಡಿಷ್ ಬರದ ನಾನೂ ಇವಳು ಯಾವ ಸಾಲಿನಲ್ಲಿದ್ದಾಳೆ ಅಂತ ಬೆರಳಿಟ್ಟು ತೋರಿಸಬಲ್ಲೆ.

ಈಚಿನ ಎಷ್ಟೋ ಕನ್ನಡ ಸಿನಿಮಾ ಹಾಡುಗಳಲ್ಲಿ ನನಗೆ ಇದು ಆಗಲ್ಲ. ಅರ್ಥ ಆಗುತ್ತಾ ಅಂತ ಅವನ್ನು ಕೇಳುವವರ ಹತ್ತಿರ ಹೋಗಿ ಕೇಳಿ.