ಕ್ಯೂ ಉದ್ಯಾನದ ಗೋಡೆಯಲ್ಲೊಂದು ಜಾಯಿಕಾಯಿ ಕೊಂಬೆ

ಲಂಡನ್ನಿನ ಕ್ಯೂ ಸಸ್ಯೋದ್ಯಾನಕ್ಕೆ ಹೋದವರು ದೊಡ್ಡ ದೊಡ್ಡ ಗಾಜಿನ ಮನೆಗಳನ್ನು ನೋಡುವಷ್ಟರಲ್ಲೇ ಸುಸ್ತಾಗಿ ವಾಪಸ್ಸು ಹೊರಡುತ್ತಾರೆ. ಶಿರಸಿಯಿಂದ ಬಂದಿದ್ದ ಅಮ್ಮನನ್ನು ನಾನು ಮೊದಲು ಕರೆದುಕೊಂಡು ಹೋದದ್ದು ಅಲ್ಲೇ ಒಂದು ಬದಿಗಿರುವ, ಸುತ್ತ ಜಗಲಿಯ ಇಟ್ಟಿಗೆ ಕಟ್ಟಡಕ್ಕೆ. ಮೇರಿಯಾನ್ ನಾರ್ತ್ ಎಂಬಾಕೆ ತನ್ನ ಸ್ವಂತ ದುಡ್ಡಿನಲ್ಲಿ ಕಟ್ಟಿಸಿ, 1882ರಲ್ಲಿ ಜನರಿಗೆ ಬಿಟ್ಟುಕೊಟ್ಟ ಚಿತ್ರಶಾಲೆ ಅದು. ಅವಳೇ ಬರೆದ ಎಂಟುನೂರಕ್ಕೂ ಹೆಚ್ಚು ತೈಲಚಿತ್ರಗಳು. ಚೌಕಟ್ಟಿಗೆ ಚೌಕಟ್ಟು ತಾಗಿಸಿ, ಬೆರಳು ತೂರಿಸಲೂ ಜಾಗವಿಲ್ಲದಂತೆ, ದೇಶ ದೇಶಗಳ ಲೆಕ್ಕದಲ್ಲಿ ಅವಳೇ ನಿಂತು ಜೋಡಿಸಿದ್ದು.

ಅಮ್ಮ ಮೊದಲು ನೋಡಿದ್ದು ಚಿತ್ರಗಳನ್ನಲ್ಲ. ಅವುಗಳ ಕೆಳಗೆ ಸೊಂಟದೆತ್ತರಕ್ಕೆ ಸಾಲಾಗಿ ಹೊಡೆದ ಹಲಗೆಗಳನ್ನು. ನಾರ್ತ್ ಹೋದ ಕಡೆಯಿಂದೆಲ್ಲ ತಂದ 246 ಜಾತಿಯ ಮರದ ತುಂಡುಗಳವು. ಅಮ್ಮ ಬಗ್ಗಿ ಒಂದೊಂದರ ಎಳೆ ನೋಡುತ್ತಾ ಹೋದಳು. ತೋಟದ ಮನೆಯವರ ಕಣ್ಣು ಮೊದಲು ಮರಕ್ಕೇ ಹೋಗುವುದು.

ಜಮೈಕಾದ ಚಿತ್ರಗಳ ಹತ್ತಿರ ಬಂದಾಗ ನನ್ನ ತೋಳು ಹಿಡಿದು ನಿಲ್ಲಿಸಿದಳು. "ಇದು ನಮ್ಮ ಜಾಯಿಕಾಯಿಯೇ ಅಲ್ವೇನೆ?"

ಹೌದು. ಎಲೆ, ಹೂವು, ಬಿರಿದ ಕಾಯಿ, ಜೊತೆಗೊಂದು ಹಮ್ಮಿಂಗ್ ಬರ್ಡ್. ಆ ಹಕ್ಕಿ ನಮ್ಮ ಕಡೆ ಇಲ್ಲವೇ ಇಲ್ಲ. ಅಮೆರಿಕ ಖಂಡಗಳದ್ದು, ಅಲ್ಲಿನ ದ್ವೀಪಗಳದ್ದು. ಜಾಯಿಕಾಯಿಯ ತವರು ಇಂಡೋನೇಷ್ಯಾದ ಬಂಡಾ ದ್ವೀಪಗಳು. ಹಡಗುಗಳು ಅದನ್ನು ಜಮೈಕಾಕ್ಕೂ ಒಯ್ದಿದ್ದರಿಂದ ಇವೆರಡೂ ಒಂದೇ ಚಿತ್ರಕ್ಕೆ ಬಂದಿವೆ. ನಮ್ಮಲ್ಲೂ ಅಡಿಕೆ ತೋಟದ ನಡುವೆ ಮರಗಳಿವೆ. ಮಳೆಗಾಲದಲ್ಲಿ ಕಾಯಿ ಬಿರಿದು ಬೀಳುತ್ತದೆ. ಅಮ್ಮ ಅವನ್ನು ಆರಿಸಿ ತಂದು, ಬೀಜಕ್ಕೆ ಬಲೆಯಂತೆ ಸುತ್ತಿಕೊಂಡ ಪತ್ರೆಯನ್ನು ಹರಿಯದಂತೆ ಬಿಡಿಸಿ, ಬಿಸಿಲಿಲ್ಲದ ಆ ದಿನಗಳಲ್ಲಿ ಒಲೆಯ ಮೇಲಿನ ಅಟ್ಟದಲ್ಲಿ ಒಣಗಿಸುತ್ತಾಳೆ. ಒಣಗುತ್ತಾ ಪತ್ರೆಯ ಕೆಂಪು ಇಳಿದು ಕಿತ್ತಳೆಗೆ, ಆಮೇಲೆ ಹಳದಿಗೆ ತಿರುಗುತ್ತದೆ.

"ಕೊಯ್ದ ದಿನವೇ ಬರೆದಿದ್ದಾಳೆ ನೋಡು" ಅಂದಳು ಅಮ್ಮ. "ನಾಲ್ಕು ದಿನ ಬಿಟ್ಟಿದ್ದರೆ ಈ ಕೆಂಪು ಇರ್ತಿರಲಿಲ್ಲ."

ನಾನು ಈ ಹೆಂಗಸಿನ ಬಗ್ಗೆ ಓದಿದ್ದೇನೆ, ಆ ಚಿತ್ರದ ಮುಂದೆ ಎಷ್ಟೋ ಹೊತ್ತು ನಿಂತಿದ್ದೇನೆ. ಇದು ನನಗೆ ಹೊಳೆದಿರಲಿಲ್ಲ. ಅಂದಿನ ಸಸ್ಯಚಿತ್ರಕಾರರು ಗಿಡವನ್ನು ಬಿಳಿ ಹಾಳೆಯ ಮೇಲೆ ಒಂಟಿಯಾಗಿ ಇಟ್ಟು, ಜಲವರ್ಣದಲ್ಲಿ ಬಿಡಿಸುತ್ತಿದ್ದರು. ನಾರ್ತ್ ಎಣ್ಣೆ ಬಣ್ಣ ಹಿಡಿದು ಗಿಡ ಇದ್ದಲ್ಲಿಗೇ ಹೋಗಿ ಕೂತಳು. ಗಿಡದ ಹಿಂದಿನ ಗುಡ್ಡ, ಮೋಡ, ಅದಕ್ಕೆ ಬರುವ ಹಕ್ಕಿ ಚಿಟ್ಟೆ ಎಲ್ಲವೂ ಅವಳ ಚಿತ್ರದಲ್ಲಿ ಸೇರಿದವು.

ಹುಟ್ಟಿದ್ದು 1830ರಲ್ಲಿ, ಹೇಸ್ಟಿಂಗ್ಸ್‌ನಲ್ಲಿ. ತಂದೆ ಫ್ರೆಡರಿಕ್ ನಾರ್ತ್ ಆ ಊರಿನ ಪಾರ್ಲಿಮೆಂಟ್ ಸದಸ್ಯ, ಹಳೆಯ ಶ್ರೀಮಂತ ಮನೆತನ. 1855ರಲ್ಲಿ ತಾಯಿ ಸಾಯುವಾಗ, ಅಪ್ಪನನ್ನು ಬಿಟ್ಟು ಹೋಗುವುದಿಲ್ಲ ಎಂದು ಮಗಳಿಂದ ಮಾತು ತೆಗೆದುಕೊಂಡಿದ್ದಳು. ಮಗಳು ಮದುವೆಯಾಗಲಿಲ್ಲ, ಅಪ್ಪನ ಜೊತೆಗೇ ಉಳಿದಳು, ಅವನೊಟ್ಟಿಗೆ ಈಜಿಪ್ಟ್, ಸಿರಿಯಾ ಸುತ್ತಿದಳು. 1869ರಲ್ಲಿ ಅಪ್ಪ ತೀರಿಕೊಂಡ. 1871ರಲ್ಲಿ, ನಲವತ್ತರ ವಯಸ್ಸಿನಲ್ಲಿ, ಹಡಗು ಹತ್ತಿದಳು. ಜಮೈಕಾದಲ್ಲಿ ಕಾಡು ಬೆಳೆದ ಹಳೆಯ ಸಸ್ಯೋದ್ಯಾನದಲ್ಲಿ ಮನೆ ಬಾಡಿಗೆಗೆ ಹಿಡಿದು ಬರೆಯತೊಡಗಿದಳು. ಆಮೇಲೆ ಬ್ರೆಜಿಲ್, ಜಪಾನ್, ಬೋರ್ನಿಯೋ, ಜಾವಾ, ಸಿಂಹಳ, ಭಾರತ. ಆಸ್ಟ್ರೇಲಿಯಾ ನೋಡದೆ ಜಗತ್ತಿನ ಗಿಡಗಳನ್ನು ಬರೆದೆ ಅನ್ನಬೇಡ ಎಂಬರ್ಥದಲ್ಲಿ ಡಾರ್ವಿನ್ ಹೇಳಿದ್ದೇ ತಡ, 1880ರಲ್ಲಿ ಅಲ್ಲಿಗೂ ಹೊರಟಳು.

"ನಲವತ್ತಕ್ಕಾ?" ಅಮ್ಮ ಮತ್ತೊಮ್ಮೆ ಕೇಳಿದಳು. ಅಜ್ಜಿಯನ್ನೂ ಅಪ್ಪನನ್ನೂ ಕೊನೆಯವರೆಗೆ ನೋಡಿಕೊಂಡ ಮೇಲೆಯೇ ಅಮ್ಮ ಪಾಸ್‌ಪೋರ್ಟ್ ಮಾಡಿಸಿದ್ದು. ನಾನು ಆ ಮಾತು ತೆಗೆಯಲಿಲ್ಲ, ಅವಳೂ ತೆಗೆಯಲಿಲ್ಲ.

ಬೋರ್ನಿಯೋದ ಗೋಡೆಯಲ್ಲಿ ದೊಡ್ಡ ಹೂಜಿ ಗಿಡವೊಂದಿದೆ, ಕೀಟ ಹಿಡಿಯುವ ಜಾತಿಯದು. ಆ ಚಿತ್ರ ಇಂಗ್ಲೆಂಡಿಗೆ ಬಂದಾಗ ಅದು ವಿಜ್ಞಾನಕ್ಕೆ ಗೊತ್ತಿಲ್ಲದ ಗಿಡವೆಂದು ತಿಳಿಯಿತು. ವೀಚ್ ನರ್ಸರಿಯವರು ಅದನ್ನು ಹುಡುಕಿ ತರಲು ಆಳನ್ನೇ ಕಳಿಸಿದರು. ಕ್ಯೂ ನಿರ್ದೇಶಕ ಜೋಸೆಫ್ ಹುಕರ್ ಅದಕ್ಕೆ ನೆಪೆಂಥಿಸ್ ನಾರ್ತಿಯಾನಾ ಎಂದು ಅವಳ ಹೆಸರನ್ನೇ ಇಟ್ಟ. ಆದರೆ ಅವಳು ಬರೆಯಲೆಂದು ಅದನ್ನು ಬೆಟ್ಟದಿಂದ ತಂದುಕೊಟ್ಟವರು ಬೇರೆಯವರು ಎಂದೆ.

"ಮತ್ತೆ ಆ ಜಾಯಿಕಾಯಿ ಕೊಯ್ದುಕೊಟ್ಟವರು ಯಾರು?" ಅಂದಳು ಅಮ್ಮ. ನಮ್ಮಲ್ಲಿ ಅಡಿಕೆ ಕೊಯ್ಲಿಗೆ, ಮರ ಹತ್ತಿ ಕೊನೆ ಇಳಿಸುವ ಕೊನೆಗೌಡ ಬರದಿದ್ದರೆ ತೋಟವೇ ನಿಂತಂತೆ. ಈ ಪ್ರಶ್ನೆ ಬಹಳ ಸರಿಯಾದದ್ದು. ಗವರ್ನರುಗಳ ಬಂಗಲೆ, ಬೋರ್ನಿಯೋದ ಸಾರವಾಕನ್ನು ಆಳುತ್ತಿದ್ದ ಬಿಳಿಯ ರಾಜರ ಅರಮನೆ, ಶಿಫಾರಸು ಪತ್ರಗಳು, ಹೊರೆ ಹೊರುವ ಜನ ಇವೆಲ್ಲ ಇದ್ದದ್ದರಿಂದಲೇ ಅವಳು ಒಂಟಿಯಾಗಿ ಅಷ್ಟು ದೂರ ಹೋಗಲು ಆಯಿತು. ಮರ ಹತ್ತಿದವರ ಹೆಸರು ಆ ಗೋಡೆಗಳ ಮೇಲಿಲ್ಲ. ಅವಳ ಮೇಲಿನ ನನ್ನ ಪ್ರೀತಿ ಇದರಿಂದ ಕಡಿಮೆಯಾಗಿಲ್ಲ, ಆದರೆ ಇದನ್ನು ಬಿಟ್ಟು ಅವಳ ಕಥೆ ಹೇಳುವುದು ನ್ಯಾಯವಲ್ಲ.

ಬಾಗಿಲ ಹತ್ತಿರ ಅಮ್ಮನಿಗೆ ಕಾಫಿ ಗಿಡ ತೋರಿಸಿದೆ. ಬಂದವರಿಗೆ ಚಹಾ, ಕಾಫಿ ಸಿಗಬೇಕೆಂದು ನಾರ್ತ್ ಕೇಳಿದ್ದಳು. ಹುಕರ್ ಒಪ್ಪಲಿಲ್ಲ. ಅವಳು ಆ ಎರಡೂ ಗಿಡಗಳನ್ನು ಬಾಗಿಲಿನ ಸುತ್ತ ಬರೆದುಬಿಟ್ಟಳು. ಅಮ್ಮನಿಗೆ ಇದು ತುಂಬಾ ಹಿಡಿಸಿತು.

ಹೊರಗೆ ಜಗಲಿಯ ಮೇಲೆ ನಿಂತಾಗ ಕೊನೆಗೆ ಏನಾಯಿತು ಎಂದು ಕೇಳಿದಳು. ಚಿತ್ರಶಾಲೆ ತೆರೆದ ಮೇಲೂ ಅವಳಿಗೆ ಸಮಾಧಾನವಿರಲಿಲ್ಲ. ಗೋಡೆಯಲ್ಲಿ ಆಫ್ರಿಕಾ ಇಲ್ಲವೆಂದು ದಕ್ಷಿಣ ಆಫ್ರಿಕಾಕ್ಕೆ, ಆಮೇಲೆ ಸೇಶೆಲ್ಸ್‌ಗೆ ಹೋದಳು. 1884ರಲ್ಲಿ, ಆರೋಗ್ಯ ಕೆಟ್ಟಿದ್ದರೂ, ಅರೌಕಾರಿಯಾ ಎಂಬ ಸೂಚಿಪರ್ಣಿ ಮರಗಳನ್ನು ಅವುಗಳ ಕಾಡಿನಲ್ಲೇ ಬರೆಯಬೇಕೆಂದು ಚಿಲಿಗೆ ಹೊರಟಳು. ಅದೇ ಕೊನೆಯ ಪ್ರಯಾಣ. ಆಮೇಲೆ ಗ್ಲಾಸ್ಟರ್‌ಶೈರಿನ ಆಲ್ಡರ್ಲಿ ಎಂಬ ಹಳ್ಳಿಯಲ್ಲಿ ಮನೆ ಹಿಡಿದು ತೋಟ ಮಾಡಿದಳು, 1890ರಲ್ಲಿ ಅಲ್ಲೇ ತೀರಿಕೊಂಡಳು.

"ತೋಟ ಮಾಡಿದ್ಲಲ್ಲ, ಒಳ್ಳೇದಾಯ್ತು" ಅಂದ ಅಮ್ಮ, ಜಾಯಿಕಾಯಿಯನ್ನು ಇನ್ನೊಮ್ಮೆ ನೋಡಬೇಕೆಂದು ಒಳಗೆ ಹೋದಳು.