ಚಂದ್ರಿಗೆ ಬೇಕಾದ ಬೆಳಕು

ಬಳ್ಳಾರಿಯ ನಮ್ಮ ಕಾಲೇಜಿನ ಚಿತ್ರಸಂಘದಲ್ಲಿ ಇದ್ದವರಿಗೆ ಸ್ನೇಹಲತಾ ರೆಡ್ಡಿ ಅಂದ ಕೂಡಲೇ ನೆನಪಾಗುವುದು ಫಿಲ್ಮ್ ರೀಲಿನ ಮೂರು ತಗಡಿನ ಡಬ್ಬಿ. ಆಕೆ ಚಂದ್ರಿಯಾಗಿ ನಟಿಸಿದ ‘ಸಂಸ್ಕಾರ’ (1970) ಚಿತ್ರ ಎರಡು ಗಂಟೆಗೆ ತುಸು ಕಡಿಮೆ. 16 ಮಿ.ಮೀ. ಅಗಲದ ಫಿಲ್ಮಿನ ಪ್ರಿಂಟು ನಿಮಿಷಕ್ಕೆ 36 ಅಡಿ ಓಡುತ್ತದೆ; 1600 ಅಡಿಯ ರೀಲು ಮುಗಿಯಲು ಸುಮಾರು 44 ನಿಮಿಷ. ಪ್ರೊಜೆಕ್ಟರ್ ಒಂದೇ ಆದ್ದರಿಂದ ನಡುವೆ ಎರಡು ಸಲ ಲೈಟ್ ಹಾಕಲೇಬೇಕು.

ಅವರ ಚಂದ್ರಿ ಮಾತು ಕಮ್ಮಿ. ಜೊತೆಗೆ ಬಾಳಿದ ನಾರಣಪ್ಪನ ಹೆಣ ಮನೆಯಲ್ಲಿರುವಾಗ ಅಂತ್ಯಕ್ರಿಯೆಗೆಂದು ಮೈಮೇಲಿನ ಒಡವೆ ಬಿಚ್ಚಿ ಪ್ರಾಣೇಶಾಚಾರ್ಯರ ಮುಂದಿಡುತ್ತಾಳಲ್ಲ, ಅಲ್ಲಿ ಎಲ್ಲ ಹೇಳುವುದು ಮುಖವೇ. ಕಪ್ಪು-ಬಿಳುಪು ಚಿತ್ರ ಬೇರೆ. ಬಳ್ಳಾರಿಯ ಬೇಸಿಗೆ ಸಂಜೆ, ಊರೆಲ್ಲ ಫ್ಯಾನು ತಿರುಗುವ ಹೊತ್ತಿಗೆ, ಕರೆಂಟು 230 ವೋಲ್ಟಿನಿಂದ 180ಕ್ಕೆ ಇಳಿದರೆ ಪ್ರೊಜೆಕ್ಟರಿನ ದೀಪದ ಬೆಳಕು ಅರ್ಧಕ್ಕಿಂತ ಕಮ್ಮಿಯಾಗುತ್ತದೆ. ಆಚಾರ್ಯರ ಮಾತು ಕೇಳಿಸುತ್ತದೆ. ಚಂದ್ರಿ ಮಾತ್ರ ಕತ್ತಲಲ್ಲಿ ಕರಗುತ್ತಾಳೆ. ಸ್ಟೆಬಿಲೈಜರ್ ಇಲ್ಲದೆ ಈ ಚಿತ್ರ ಹಾಕಬಾರದು.

ಇನ್ನೊಂದು ಕಾಟ ಕೆಳಗಿನ ಲೂಪಿನದು, ಅಂದರೆ ಪ್ರೊಜೆಕ್ಟರಿನೊಳಗೆ ಫಿಲ್ಮನ್ನು ಸಡಿಲವಾಗಿ ಬಿಡುವ ಬಳುಕಿನದು. 16 ಮಿ.ಮೀ.ನಲ್ಲಿ ಧ್ವನಿ ಚಿತ್ರಕ್ಕಿಂತ 26 ಫ್ರೇಮು ಮುಂದಿರುತ್ತದೆ. ಚಿತ್ರಕ್ಕೆ ಬೆಳಕು ಬೀಳುವ ಗೇಟಿನಿಂದ ಧ್ವನಿ ಓದುವ ಸೌಂಡ್ ಡ್ರಮ್ಮಿನವರೆಗೆ ಬಿಡುವ ಲೂಪು ಹೆಚ್ಚುಕಮ್ಮಿಯಾದರೆ ತುಟಿಗೂ ಮಾತಿಗೂ ತಾಳೆಯಾಗುವುದಿಲ್ಲ. ಲೂಪು ಪೂರ್ತಿ ಹೋಯಿತೋ, ಚಿತ್ರ ಕುಣಿಯುತ್ತದೆ, ಪಕ್ಕದ ತೂತುಗಳು ಹರಿಯುತ್ತವೆ. ಆಗ ತಡಮಾಡದೆ ಮೋಟಾರು ನಿಲ್ಲಿಸಬೇಕು. ಮುಂದಿನ ಸಾಲಿನವರು ಕೂಗಲಿ ಬಿಡಿ.

ನಿರ್ದೇಶಕ ಪಟ್ಟಾಭಿರಾಮ ರೆಡ್ಡಿಯವರ ಹೆಂಡತಿ ಎಂದು ಪಾತ್ರ ಸಿಕ್ಕಿತು ಅನ್ನುವವರು ಇದ್ದರು. ಮದ್ರಾಸ್ ಪ್ಲೇಯರ್ಸ್ ನಾಟಕ ತಂಡ ಕಟ್ಟಿದವರಲ್ಲಿ ಆಕೆಯೂ ಒಬ್ಬರು ಎಂಬುದು ಅವರಿಗೆ ಗೊತ್ತಿರಲಿಲ್ಲ. ಸಿನಿಮಾ ಬಾಳು ಬೆರಳೆಣಿಕೆಯ ಚಿತ್ರಗಳಿಗೇ ನಿಂತಿತು. ತುರ್ತುಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ ಆಕೆಯನ್ನು ಬಂಧಿಸಿ ಬೆಂಗಳೂರಿನ ಜೈಲಿಗೆ ಹಾಕಿದರು. ಅವರಿಗೆ ಮೊದಲೇ ಅಸ್ತಮಾ. 1977ರ ಜನವರಿ 15ಕ್ಕೆ ಪೆರೋಲ್ ಮೇಲೆ ಬಿಟ್ಟರು, 20ಕ್ಕೆ ತೀರಿಕೊಂಡರು.

ಪ್ರಿಂಟು ವಾಪಸ್ ಕಳಿಸುವ ಮೊದಲು ರೀಲನ್ನು ಕೈಯಿಂದ ಸುತ್ತುತ್ತ ಅಂಚಿಗೆ ಬೆರಳು ತಾಗಿಸಿ ನೋಡಬೇಕು. ಹರಿದ ಜಾಗ ಬೆರಳಿಗೆ ಕಚ್ಚುತ್ತದೆ. ಚಿತ್ರ ಮೂಡಿರುವ ಎಮಲ್ಷನ್ ಪದರ ಕೆರೆದು ಫಿಲ್ಮ್ ಸಿಮೆಂಟ್ ಎಂಬ ಅಂಟಿನಿಂದ ಅಂಟಿಸುವಾಗ ಒಂದೆರಡು ಫ್ರೇಮು ಹೋಗೇ ಹೋಗುತ್ತವೆ. ಕತ್ತರಿಸಿದ ತುಂಡನ್ನು ಕಾಗದದಲ್ಲಿ ಸುತ್ತಿ ಅದೇ ಡಬ್ಬಿಗೆ ಹಾಕಬೇಕು. ಅದರಲ್ಲಿ ಚಂದ್ರಿ ಇದ್ದರೆ ಜೇಬಿಗೆ ಇಳಿಸುವ ಹುಡುಗರಿದ್ದರು.